ಸ್ವಿಚ್ಚಿನ ಜಲಪಾತ

ಆ ಜಲಪಾತಕ್ಕೆ ಒಂದು ಸ್ವಿಚ್ಚಿತ್ತು.

ಬಸ್ಸು ಗೇಟು ದಾಟಿದ ಕೂಡಲೇ ಪಂಪ್‌ಮನೆಯಲ್ಲಿ ಯಾರೋ ಅದನ್ನು ಒತ್ತುತ್ತಿದ್ದರು. ಸಿಮೆಂಟಿನ ಬಂಡೆಯ ನೆತ್ತಿಯಿಂದ ನೀರು ಧೋ ಎಂದು ಬೀಳುತ್ತಿತ್ತು. ಬಸ್ಸಿನಲ್ಲಿದ್ದವರು ಕಿಟಕಿಗೆ ಮುಗಿಬಿದ್ದು ಫೋನು ಎತ್ತುತ್ತಿದ್ದರು. ಸಂಜೆ ಕೊನೆಯ ಬಸ್ಸು ಹೊರಟ ಮೇಲೆ ಜಲಪಾತವನ್ನು ಆರಿಸಿ ಕೆಲಸದವರು ಮನೆಗೆ ಹೋಗುತ್ತಿದ್ದರು.

ಚೆನ್ನೈನಲ್ಲಿ ಕಡಲುಂಟು, ಜಲಪಾತವಿಲ್ಲ. ಆ ಕೊರತೆ ನೀಗಿಸಲು ಒಂದು ಕಂಪನಿ ಮಾಧವರಂ ದಾಟಿ, ರೆಡ್‌ಹಿಲ್ಸ್ ಕೆರೆಯ ಆಚೆ, ಇಪ್ಪತ್ತು ಎಕರೆ ಬಯಲಿನಲ್ಲಿ ಅದನ್ನು ಕಟ್ಟಿಸಿತ್ತು. ಜೊತೆಗೆ ಮೆಟ್ಟಿಲು ಮೆಟ್ಟಿಲಾದ ಭತ್ತದ ಗದ್ದೆ, ಬಲೆ ಹೊದಿಸಿದ ಕಾಡು, ಅದರೊಳಗೆ ಒಂದಷ್ಟು ಪ್ರಾಣಿ ಪಕ್ಷಿ. ‘ಪಚ್ಚೈತ್ತೀವು’ ಎಂದು ಬೋರ್ಡು. ಹಸಿರು ದ್ವೀಪ ಎಂದರ್ಥ. ಬೆಳಿಗ್ಗೆ ಎಂಟಕ್ಕೆ ಎಗ್ಮೋರ್ ಸ್ಟೇಷನ್ನಿನ ಎದುರು ಬಸ್ಸು ಹತ್ತಿದರೆ ಸಂಜೆ ಆರಕ್ಕೆ ಅಲ್ಲೇ ತಂದು ಇಳಿಸುತ್ತಿದ್ದರು. ಊಟ, ಗೈಡು, ಜಲಪಾತದ ಸ್ನಾನ ಎಲ್ಲ ಸೇರಿ.

ಗದ್ದೆಯೂ ಸುಳ್ಳೇ. ಸಿಮೆಂಟಿನ ಮೆಟ್ಟಿಲ ಮೇಲೆ ಗೇಣು ಕೆಸರು ಹಾಕಿ, ನರ್ಸರಿಯಿಂದ ತಟ್ಟೆ ತಟ್ಟೆ ಸಸಿ ತಂದು ಊರುತ್ತಿದ್ದರು. ಹಳದಿಯಾದರೆ ಕಿತ್ತು ಹೊಸ ತಟ್ಟೆ. ಅಲ್ಲಿ ಒಂದು ತೆನೆಯೂ ಹಾಲುಗಟ್ಟಿರಲಿಲ್ಲ. ನಾಟಿ ಹಾಕಿ ಹಾಕಿ ಸೊಂಟ ಬಿದ್ದುಹೋದ ರಾಚಮ್ಮನಿಗೆ ಬಸ್ಸಿನಿಂದ ಅದನ್ನು ನೋಡಿದಾಗಲೆಲ್ಲ ಮೈ ಉರಿಯುತ್ತಿತ್ತು.

ರಾಚಮ್ಮ ಆ ಬಸ್ಸಿನ ಆಳು. ನೀರಿನ ಬಾಟಲಿ ಹಂಚುವುದು, ವಾಂತಿ ಮಾಡಿಕೊಂಡವರ ಸೀಟು ತೊಳೆಯುವುದು, ಜನ ಇಳಿದ ಮೇಲೆ ಕಸ ಗುಡಿಸುವುದು. ಬಸ್ಸು ನಿಂತಲ್ಲೇ ಅವಳೂ ಇರಬೇಕು. ಒಳಗೆ ಕಾಲಿಡುವಂತಿರಲಿಲ್ಲ. ಹಾಗೆಂದು ಮ್ಯಾನೇಜರ್ ಗಿರಿಧರ್ ಕೆಲಸ ಕೊಟ್ಟ ದಿನವೇ ಹೇಳಿದ್ದ. ಕೆಲಸ ಕೊಟ್ಟದ್ದು ಗಂಡ ಸತ್ತದ್ದಕ್ಕೆ. ಗಂಡ ಸತ್ತದ್ದು ಇದೇ ತೋಟದ ಒಳಗೆ.

ಗಂಡ ನಿಂಗಯ್ಯ ಜಲಪಾತದ ಹೊಂಡಕ್ಕೆ ಇಳಿಯುವವನು. ಬಂಡೆಯ ಹಿಂದೆ ನೆಲದಡಿ ಒಂದು ದೊಡ್ಡ ಹೊಂಡ. ಸ್ನಾನದ ನೀರು, ಅಡುಗೆಮನೆಯ ನೀರು, ಕಕ್ಕಸಿನ ನೀರು ಎಲ್ಲವೂ ಅಲ್ಲಿಗೆ ಬರುತ್ತಿತ್ತು. ಅಲ್ಲೇ ಸೋಸಿ, ಔಷಧಿ ಹಾಕಿ, ಮತ್ತೆ ಮೇಲಕ್ಕೆತ್ತಿ ಜಲಪಾತ ಮಾಡುತ್ತಿದ್ದರು. ಪಂಪಿನ ಬಾಯಿಗೆ ಕೂದಲು, ಚಿಪ್ಸಿನ ಕವರು, ಮಕ್ಕಳ ಪ್ಯಾಡು ಸಿಕ್ಕಿಕೊಳ್ಳುತ್ತಿತ್ತು. ವಾರಕ್ಕೊಮ್ಮೆ, ಜಲಪಾತ ನಿಲ್ಲಿಸದೆಯೇ, ಯಾರಾದರೂ ಇಳಿದು ಕೈಯಲ್ಲಿ ಕೀಳಬೇಕು. ನಿಂಗಯ್ಯ ಐದು ವರ್ಷ ಕಿತ್ತ. ತಲೆಗೆ ಎಷ್ಟು ಸೋಪು ಹಾಕಿದರೂ ವಾಸನೆ ಹೋಗುತ್ತಿರಲಿಲ್ಲ. ಊಟಕ್ಕೆ ಕೂತರೆ ಎಡಗೈಯಿಂದ ಮೂಗು ಮುಚ್ಚಿಕೊಂಡು ಉಣ್ಣುತ್ತಿದ್ದ. ತನ್ನ ಬಲಗೈಯ ವಾಸನೆ ಅವನಿಗೇ ತಡೆಯುತ್ತಿರಲಿಲ್ಲ.

ಇಳಿಯುವವನ ಸೊಂಟಕ್ಕೆ ಹಗ್ಗ. ಮೇಲೆ ಹಗ್ಗ ಹಿಡಿಯುವವನು ಅವನ ತಮ್ಮ ಶೀನ. ಕವಚವಿಲ್ಲ, ಗಾಳಿಯ ಡಬ್ಬಿಯಿಲ್ಲ. ಇದ್ದದ್ದು ಒಂದೇ ಕ್ರಮ. ಮೇಲಿನವನು ಎಣಿಸಿ ಹತ್ತಕ್ಕೊಮ್ಮೆ ಹೆಸರು ಹಿಡಿದು ಕೂಗಬೇಕು. ಕೆಳಗಿನವನು ಓಗೊಡಬೇಕು. ಓ ಬಾರದಿದ್ದರೆ ಎಳೆದುಬಿಡಬೇಕು. ಅವರಪ್ಪ ಸೌಕಾರ್‌ಪೇಟೆಯ ಗಟಾರಗಳಿಗೆ ಇಳಿಯುತ್ತಿದ್ದಾಗಿನಿಂದ ಬಂದ ಕ್ರಮ. ಅಪ್ಪ ಬದುಕಿ, ಮುದುಕನಾಗಿ ಹಾಸಿಗೆಯಲ್ಲಿ ಸತ್ತಿದ್ದ. ಹಾಗಾಗಿ ಅಣ್ಣತಮ್ಮಂದಿರಿಗೆ ಅದರ ಮೇಲೆ ನಂಬಿಕೆ.

ಹದಿನಾಲ್ಕು ತಿಂಗಳ ಹಿಂದೆ ನಿಂಗಯ್ಯ ಇಳಿದ. ಹೆಣವಾಗಿ ಬಂದ. ಕುಡಿದು ಕೊಳಕ್ಕೆ ಬಿದ್ದ ಎಂದು ಕಂಪನಿ ಕಾಗದ ಬರೆಯಿತು. ಆಸ್ಪತ್ರೆಯ ವರಾಂಡದಲ್ಲಿ ರಾಚಮ್ಮನ ಹೆಬ್ಬೆಟ್ಟು ಹಿಡಿದು ಒತ್ತಿಸಿಕೊಂಡರು. ಓದಿ ಹೇಳಿದವನು ಬೇರೇನೋ ಓದಿದ್ದ. ಶೀನ ಮಾತ್ರ ಅಳುತ್ತಾ ಒಂದೇ ಮಾತು ಹೇಳಿದ. “ಕೂಗ್ದಾಗೆಲ್ಲ ಓ ಅಂತ ಬಂತು ಕನತ್ಗೆ. ಕೊನೇಗಂಟ್ಲೂ ಓ ಅಂತ ಬಂತು.”

ಮುಂದೆ ಹೇಳಗೊಡದೆ ರಾಚಮ್ಮ ಅವನ ಕೆನ್ನೆಗೆ ಬಾರಿಸಿದಳು. ಓ ಎಂದವನು ಸಾಯುತ್ತಾನೆಯೇ? ಇವನು ಹಗ್ಗ ಬಿಟ್ಟು ಬೀಡಿ ಸೇದಲು ಹೋಗಿದ್ದಾನೆ, ಈಗ ಸುಳ್ಳು ಬೊಗಳುತ್ತಿದ್ದಾನೆ ಎಂದುಕೊಂಡಳು. ಅವತ್ತಿನಿಂದ ಮೈದುನನ ಮುಖ ನೋಡಿರಲಿಲ್ಲ.

ಆದರೆ ಆ ಮಾತು ಅವಳನ್ನು ಬಿಡಲಿಲ್ಲ. ಬಸ್ ಶೆಡ್ಡಿನ ಹಿಂದೆ ಕಂಪನಿ ಕೊಟ್ಟ ಒಂಟಿ ಕೋಣೆಯಲ್ಲಿ ನಲ್ಲಿ ತಿರುಗಿಸಿದರೆ, ನೀರು ಕೊಡಕ್ಕೆ ಬೀಳುವ ಸದ್ದಿನೊಳಗೆ ಗಂಡ ಏನೋ ಹೇಳುತ್ತಿರುವಂತೆ ಕೇಳಿಸುತ್ತಿತ್ತು. ನಲ್ಲಿ ನಿಲ್ಲಿಸಿದರೆ ಏನೂ ಇಲ್ಲ. ಕಡೆಗೆ ನಲ್ಲಿಯ ಬಾಯಿಗೆ ಹಳೇ ಸೀರೆಯ ಚೂರು ಕಟ್ಟಿದಳು. ನೀರು ಬಟ್ಟೆಗುಂಟ ಸದ್ದಿಲ್ಲದೆ ಇಳಿಯುತ್ತಿತ್ತು. ಕೊಡ ತುಂಬಲು ಮೂರು ಪಟ್ಟು ಹೊತ್ತು ಬೇಕು. ಅಕ್ಕಪಕ್ಕದವರು ಇವಳಿಗೆ ತಲೆ ಕೆಟ್ಟಿದೆ ಎಂದರು. ಅನ್ನಲಿ ಎಂದುಕೊಂಡಳು.

ಆ ಭಾನುವಾರದ ಬಸ್ಸು ಪೂರ್ತಿ ಕನ್ನಡದವರದು. ರೈಲ್ವೆ, ಬ್ಯಾಂಕು, ವಿಮೆಯಲ್ಲಿ ದುಡಿದು ನಿವೃತ್ತರಾದವರು, ಅವರ ಮಕ್ಕಳು ಮೊಮ್ಮಕ್ಕಳು. ಅನ್ವಿತಾ ಎಂಬ ಹುಡುಗಿ ಗೈಡು. ಅವಳೂ ಮದ್ರಾಸಿನ ಹಳೇ ಕನ್ನಡ ಮನೆಯವಳೇ. ಕನ್ನಡ ಶುರು ಮಾಡಿ ತಮಿಳಿಗೆ ಹೊರಳಿ ಇಂಗ್ಲಿಷಿನಲ್ಲಿ ಮುಗಿಸುತ್ತಿದ್ದಳು. ಬಸ್ಸು ನಿಂತಾಗ ಶಾರದಮ್ಮ ಎಂಬ ಮಂಡಿನೋವಿನ ಹೆಂಗಸಿಗೆ ಇಳಿಯಲಾಗಲಿಲ್ಲ. ಅವರ ಗಂಡ ಸತ್ಯನಾರಾಯಣ, ವಿಮೆಯ ಕಚೇರಿಯಲ್ಲಿ ಆಫೀಸರಾಗಿದ್ದವರು, ಆಗಲೇ ಟವೆಲು ಹೆಗಲಿಗೆ ಹಾಕಿ ಜಲಪಾತದ ಕಡೆ ನಡೆದಿದ್ದರು. ರಾಚಮ್ಮ ಕೈ ಕೊಟ್ಟು, “ಮೆಲ್ಲಕ ಇಳೀರಿ ಕನವ್ವ” ಎಂದಳು.

“ಅಯ್ಯೋ, ನೀನು ಕನ್ನಡದವಳೇನೆ? ಇಷ್ಟೊತ್ತೂ ನಿನ್ ಹತ್ರ ತಮಿಳಲ್ಲಿ ಒದ್ದಾಡಿದೆನಲ್ಲ.” ಶಾರದಮ್ಮನಿಗೆ ನಿಜವಾಗಿಯೂ ಖುಷಿಯಾಯಿತು. “ಅನ್ವಿತಾ, ಇವಳು ನಮ್ಮವಳು. ನನ್ ಜೊತೆಗೆ ಒಳಗೆ ಬರ್ಲಿ.”

“ಆಂಟಿ, ಅವ್ರು ಬಸ್ ಸ್ಟಾಫ್. ಒಳಗೆ ಅಲೋ ಮಾಡಲ್ಲ.”

“ನಾನು ಬಿದ್ರೆ ನೀನು ಎತ್ತುತ್ತೀಯಾ?”

ಅನ್ವಿತಾ ಹೆಗಲು ಕುಣಿಸಿ ಮುಂದೆ ಹೋದಳು. ಹೀಗೆ ರಾಚಮ್ಮ, ಗಂಡ ಸತ್ತ ತೋಟದೊಳಗೆ ಮೊದಲ ಸಲ ಕಾಲಿಟ್ಟಳು. ಜಲಪಾತದ ಸದ್ದು ಹತ್ತಿರವಾಗುತ್ತಿದ್ದಂತೆ ಸೆರಗನ್ನು ಕಿವಿಯ ಮೇಲೆ ಎಳೆದುಕೊಂಡಳು.

“ಯಾವ ಕಡೆಯವರು ನೀವು?” ಶಾರದಮ್ಮ ಕೇಳಿದರು.

“ತಾಳವಾಡಿ ಕಡೆ ಕನವ್ವ.”

“ಅಲ್ಲಿ ಯಾವ ಪೈಕಿ?”

ಈ ಪ್ರಶ್ನೆ ಬಂದೇ ಬರುತ್ತದೆಂದು ರಾಚಮ್ಮನಿಗೆ ಗೊತ್ತಿತ್ತು. “ಹೊಲಗೇರಿಯವ್ರು” ಎಂದಳು.

ಶಾರದಮ್ಮ ಒಳ್ಳೆಯವರೇ. ಮುಖ ಸಿಂಡರಿಸಲಿಲ್ಲ. ಬೆವರು ಒರೆಸಿಕೊಳ್ಳುವವರಂತೆ ಕೈ ಬಿಡಿಸಿಕೊಂಡರು. ಆಮೇಲೆ ಚೀಲದಿಂದ ಮಡಚುವ ಛತ್ರಿ ತೆಗೆದು, “ಕೈ ಜಾರತ್ತೆ ಕಣೆ. ಇದರ ಆ ತುದಿ ನೀನು ಹಿಡ್ಕೋ, ಈ ತುದಿ ನಾನು ಹಿಡ್ಕೋತೀನಿ” ಎಂದರು. ಗದ್ದೆಯ ಅಂಚಿನುದ್ದಕ್ಕೂ ಇಬ್ಬರೂ ಒಂದು ಛತ್ರಿಯ ಎರಡು ತುದಿ ಹಿಡಿದು ನಡೆದರು. ಜನ ಗದ್ದೆಗೆ ಬೆನ್ನು ಮಾಡಿ ಫೋಟೋ ತೆಗೆಸಿಕೊಳ್ಳುತ್ತಿದ್ದರು. ಈ ಮುದುಕಿಯನ್ನು ಇಲ್ಲೇ ಕೆಸರಿಗೆ ನೂಕಿಬಿಡಬೇಕೆಂದು ರಾಚಮ್ಮನಿಗೆ ಅನಿಸಿತು. ನೂಕಲಿಲ್ಲ.

ಬಲೆಯ ಕಾಡಿನಲ್ಲಿ ನವಿಲಿನಂಥ ಏನೋ ಇತ್ತು, ಆಮೆಗಳಿದ್ದವು, ಮೂಲೆಯಲ್ಲಿ ಮಲಗಿದ, ಉಡದಂಥ ಒಂದು ಇಗ್ವಾನಾ ಇತ್ತು. ಕೊನೆಯಲ್ಲಿ, ಜಲಪಾತದ ಬಂಡೆಯ ಹಿಂಬದಿಗೆ ತಗುಲಿ, ಒಂದು ದೊಡ್ಡ ಪಂಜರ. ಅದರಲ್ಲಿ ಬೂದು ಬಣ್ಣದ ಗಿಣಿ. ಬಾಲ ಮಾತ್ರ ಕೆಂಪು. ಅನ್ವಿತಾ ಎಲ್ಲರನ್ನೂ ಅದರ ಮುಂದೆ ಗುಂಪು ಸೇರಿಸಿದಳು.

“ಇದು ನಮ್ ಸ್ಟಾರ್. ಆಫ್ರಿಕನ್ ಗ್ರೇ. ಹೆಸರು ಹಿಡಿದು ಕೂಪ್ಪಿಡುಂಗೋ, ಆನ್ಸರ್ ಮಾಡತ್ತೆ. ಇದರ ಹೆಸರು ನಿಂಗ.”

ಮಕ್ಕಳು ನಕ್ಕವು. ಒಂದು ಮಗು ಬಲೆಗೆ ಮೂಗು ಒತ್ತಿ ಕೂಗಿತು. “ನಿಂಗಾ.”

ಗಿಣಿ ತಲೆ ಓರೆ ಮಾಡಿತು. “ಓ...” ಎಂದಿತು. ಎಳೆದ ಓ. ಕೊನೆಯಲ್ಲಿ ಗಂಟಲು ಸರಿಮಾಡಿಕೊಂಡಂತೆ ಸಣ್ಣ ಕೆಮ್ಮು.

ರಾಚಮ್ಮನ ಕೈಯಿಂದ ಛತ್ರಿ ಬಿತ್ತು. ಅದು ಗಿಣಿಯ ದನಿಯಲ್ಲ. ಹದಿನೇಳು ವರ್ಷ ಅವಳು ಕರೆದಾಗ ಬಚ್ಚಲಿನಿಂದ, ನಿದ್ದೆಯಿಂದ, ಬೀದಿಯ ಆ ಕೊನೆಯಿಂದ ಬಂದ ದನಿ. ಆ ಕೆಮ್ಮೂ ಅವನದೇ. ಹೊಂಡಕ್ಕೆ ಇಳಿಯಲು ಶುರು ಮಾಡಿದ ಎರಡನೇ ವರ್ಷ ಹತ್ತಿದ ಕೆಮ್ಮು.

“ನಿಂಗಾ.” “ಓ...” “ನಿಂಗಾ.” “ಓ...” ಮಕ್ಕಳು ಬಿಡಲಿಲ್ಲ. ಸತ್ತವನನ್ನು ಒಂದೊಂದು ಮಗುವೂ ಕರೆಯಿತು. ಅವನು ಎಲ್ಲರಿಗೂ ಓಗೊಟ್ಟ.

“ಇದುಕ್ಕ ಇದ ಯಾರವ್ವ ಕಲ್ಸಿದ್ದು?” ರಾಚಮ್ಮ ಅನ್ವಿತಾಳ ತೋಳು ಹಿಡಿದು ಕೇಳಿದಳು.

“ಗೊತ್ತಿಲ್ಲಮ್ಮಾ. ನಾನು ಜಾಯಿನ್ ಆದಾಗಲೇ ಇತ್ತು. ತೋಳು ಬಿಡಿ.”

ಯಾರೂ ಕಲಿಸಿರಲಿಲ್ಲ. ಪಂಜರದ ಹಿಂದೆ ಹತ್ತು ಮಾರು ದೂರದಲ್ಲಿ ಕಬ್ಬಿಣದ ಮುಚ್ಚಳವೊಂದು ರಾಚಮ್ಮನ ಕಣ್ಣಿಗೆ ಬಿತ್ತು. ಐದು ವರ್ಷ, ವಾರ ವಾರ, ಅಲ್ಲಿ ಒಬ್ಬ ಕೂಗಿದ್ದ, ಇನ್ನೊಬ್ಬ ಓಗೊಟ್ಟಿದ್ದ. ಗಿಣಿ ಕೂತು ಕೇಳಿತ್ತು. ಶೀನ ಸುಳ್ಳು ಹೇಳಿರಲಿಲ್ಲ. ಅವನು ಕೂಗಿದ್ದ, ಓ ಎಂದು ಬಂದಿತ್ತು. ತಲೆಯ ಮೇಲೆ ಜಲಪಾತ ಬೀಳುವ ಸದ್ದಿನಲ್ಲಿ ಅದು ಕೆಳಗಿನಿಂದ ಬಂತೋ ಪಕ್ಕದಿಂದ ಬಂತೋ ತಿಳಿಯದೆ, ಅಣ್ಣ ಬದುಕಿದ್ದಾನೆ ಎಂದುಕೊಂಡು ಹಗ್ಗ ಹಿಡಿದು ನಿಂತೇ ಇದ್ದ. ಕೆಳಗೆ ಹೊಂಡದ ವಿಷಗಾಳಿಗೆ ಅಣ್ಣ ಸಾಯುತ್ತಿದ್ದ. ತಾನು ಬಾರಿಸಿದ ಆ ಕೆನ್ನೆ ರಾಚಮ್ಮನಿಗೆ ನೆನಪಾಯಿತು.

ಅಷ್ಟರಲ್ಲಿ ಜಲಪಾತ ತೊದಲಿತು. ಒಮ್ಮೆ ಕಟ್ಟಿತು, ಒಮ್ಮೆ ಬಂತು, ನಿಂತೇಹೋಯಿತು. ನೆತ್ತಿಗೆ ಸೋಪು ಹಚ್ಚಿಕೊಂಡು ನಿಂತಿದ್ದ ಸತ್ಯನಾರಾಯಣರು ಮೇಲೆ ನೋಡಿದರು. ಸಿಮೆಂಟು ಬಂಡೆಯ ಒಳಗಿನ ಪೈಪುಗಳು ಕಂಡವು.

ಗಿರಿಧರ್ ಓಡಿಬಂದ. ಬಿಳೀ ಟಿ-ಶರ್ಟು, ಕಿವಿಯಲ್ಲಿ ಫೋನು. ಅವನ ಅಜ್ಜ ಮೈಸೂರಿನವನಂತೆ. ಅವನಿಗೆ ಮನೆಯಲ್ಲಿ ಇಂಗ್ಲಿಷು, ಅತಿಥಿಗಳೊಡನೆ ತಮಿಳು, ಕನ್ನಡ ಮಾತ್ರ ಆಳುಗಳನ್ನು ಬೈಯಲು. ಹಿಂದೆಯೇ ಶೀನ ಬಂದ. ಆಗಲೇ ಅಂಗಿ ಬಿಚ್ಚಿದ್ದ. ಹೆಗಲ ಮೇಲೆ ಹಗ್ಗದ ಸುರುಳಿ. ಅತ್ತಿಗೆಯನ್ನು ಕಂಡು ನೆಲ ನೋಡಿದ.

“ಹತ್ತು ನಿಮಿಷದ ಕೆಲಸ. ಬೇಗ ಇಳಿ. ನಲವತ್ತೆರಡು ಜನ ಕಾಯ್ತಿದ್ದಾರೆ,” ಎಂದ ಗಿರಿಧರ್.

“ಹಗ್ಗ ಹಿಡಿಯಕ್ಕ ಯಾರೂ ಇಲ್ಲ ಸಾರ್. ಇನ್ನೊಬ್ಬ ರಜ.”

ಗಿರಿಧರ್ ಸುತ್ತ ನೋಡಿದ. ರಾಚಮ್ಮ ಕಣ್ಣಿಗೆ ಬಿದ್ದಳು. ಅವಳು ಒಳಗೆ ಬಂದದ್ದಕ್ಕೆ ಬೈಯಲೂ ಅವನಿಗೆ ಪುರುಸೊತ್ತಿರಲಿಲ್ಲ. “ಇವಳಿದ್ದಾಳಲ್ಲ. ಫ್ಯಾಮಿಲಿನೇ. ಏಯ್, ಹಿಡ್ಕೋ ಇಲ್ಲಿ. ಕೂಗ್ತಾ ಇರು. ಇವತ್ತು ನೀರೂ ನಿಂತಿದೆ, ಸದ್ದಿಲ್ಲ, ಚೆನ್ನಾಗೇ ಕೇಳತ್ತೆ.”

“ಗಿಣಿ ಅದಲ್ಲ ಸಾರ್,” ಎಂದ ಶೀನ. “ಅವತ್ತೇ ಯೋಳಿದ್ನಲ್ಲ ನಿಮ್ಗ. ಗಿಣಿ ಕನ ಸಾರ್ ಓ ಅಂದದ್ದು ಅಂತ.”

“ಅದರ ಮೇಲೆ ಒಂದು ಟವೆಲ್ ಹಾಕು. ಕತ್ತಲಾದ್ರೆ ಮಾತಾಡಲ್ಲ ಅದು.”

ಅಲ್ಲಿಗೆ ರಾಚಮ್ಮನಿಗೆ ಎಲ್ಲ ತಿಳಿಯಿತು. ಇವನಿಗೆ ಗೊತ್ತಿತ್ತು. ಗೊತ್ತಿದ್ದೂ ಕಾಗದದಲ್ಲಿ ಕುಡುಕ ಎಂದು ಬರೆಸಿದ. ಗೊತ್ತಿದ್ದೂ ಆ ಗಿಣಿಗೆ ತನ್ನ ಗಂಡನ ಹೆಸರಿಟ್ಟು, ಬಂದವರಿಗೆಲ್ಲ ತೋರಿಸಿದ. ಈಗ ಒಂದು ಟವೆಲು ಹೊದಿಸಿ ಇನ್ನೊಬ್ಬನನ್ನು ಇಳಿಸುತ್ತಾನೆ.

ಶೀನ ಮುಚ್ಚಳ ಸರಿಸಿದ್ದ. ಒಳಗಿನಿಂದ ಕೊಳೆತ ಮೊಟ್ಟೆಯ ವಾಸನೆ ಬಿಸಿಯಾಗಿ ಎದ್ದಿತು. ರಾಚಮ್ಮ ಬಗ್ಗಿ ನೋಡಿದಳು. ಕಪ್ಪು ನೀರು, ಮೇಲೆ ನೊರೆ. ನಿಂಗಯ್ಯ ಕೊನೆಗೆ ನೋಡಿದ್ದು ಇದನ್ನು. ಶೀನ ಹಗ್ಗದ ತುದಿ ಅವಳ ಕೈಗಿಟ್ಟು, ಕಾಲು ಒಳಗೆ ಇಳಿಬಿಟ್ಟ.

“ಯಾಕ್ಲ ಇಳೀತಿದ್ದಯ್?” ಎಂದಳು. ಹದಿನಾಲ್ಕು ತಿಂಗಳಲ್ಲಿ ಅವನೊಡನೆ ಆಡಿದ ಮೊದಲ ಮಾತು.

“ಇನ್ನೇನ ಮಾಡ್ಲಿ ಅತ್ಗೆ. ಅಣ್ಣನ್ನ ಕೊಂದವ್ನು ನಾನು. ಇಳಿಯಕ್ಕೂ ನಾನೇ ಸರಿ.”

“ನೀ ಕೊಂದಿಲ್ಲ. ಏಳ್ಲ ಮ್ಯಾಕ್ಕೆ.”

ಅವನು ಏಳಲಿಲ್ಲ. ರಾಚಮ್ಮ ಹಗ್ಗ ಎಳೆದಳು. ಬಾವಿಯಿಂದ ಕೊಡ ಸೇದಿದ ಕೈ, ನಾಟಿ ಹಾಕಿದ ಸೊಂಟ. ಗಂಡಾಳು ಬೋರಲಾಗಿ ಕಲ್ಲಿನ ಮೇಲೆ ಬಿದ್ದ. ಅವನ ಸೊಂಟದ ಗಂಟು ಬಿಚ್ಚಿದಳು. ಉಗುರು ಕಿತ್ತು ರಕ್ತ ಬಂತು. ಕಬ್ಬಿಣದ ಮುಚ್ಚಳವನ್ನು ಎರಡೂ ಕೈಯಿಂದ ಎಳೆದು ಹೊಂಡದ ಬಾಯಿಗೆ ಮುಚ್ಚಿದಳು. ಅದರ ಮೇಲೆ ಕೂತಳು. ಬಿಸಿಲಿಗೆ ಕಾದ ಕಬ್ಬಿಣ ತೊಡೆ ಸುಟ್ಟಿತು. ಏಳಲಿಲ್ಲ.

“ಎದ್ದೇಳು,” ಎಂದ ಗಿರಿಧರ್.

“ಏಳಲ್ಲ.”

“ಸಾಯಂಕಾಲದೊಳಗೆ ರೂಮು ಖಾಲಿ ಮಾಡಿಸ್ತೀನಿ. ಕೆಲಸ ಹೋಗತ್ತೆ. ಇವನದೂ ಹೋಗತ್ತೆ.”

“ಹೋಗ್ಲಿ.”

“ನೀನೇ ಹೆಬ್ಬೆಟ್ಟು ಒತ್ತಿದೀಯ, ಗಂಡ ಕುಡುಕ ಅಂತ.”

“ನನ್ ಗಂಡ ಕುಡೀತಿರ್ನಿಲ್ಲ. ಕುಡ್ದಿದ್ರಾದ್ರೂ ಈ ನಾತ ತಡ್ಕೊತಿದ್ದ. ನೀ ಬೇಕಾದ್ರ ಇಳಿ. ನಾನು ಹಗ್ಗ ಹಿಡೀತೀನಿ. ಹೆಸರು ಹಿಡ್ದು ಕೂಗ್ತೀನಿ.”

ಜನ ಸುತ್ತ ಸೇರಿದರು. ಒದ್ದೆ ಬಟ್ಟೆ, ಟವೆಲು, ಅರ್ಧ ತಿಂದ ಬೋಂಡ. ಸತ್ಯನಾರಾಯಣರ ಕಿವಿಯ ಹಿಂದೆ ಸೋಪು ಒಣಗಿತ್ತು. ಏನಾಗಿದೆ ಎಂದು ಒಬ್ಬರಿಗೊಬ್ಬರು ತಮಿಳಿನಲ್ಲಿ ಕೇಳಿಕೊಂಡರು. ರಾಚಮ್ಮ ಕನ್ನಡದಲ್ಲಿ ಹೇಳಿದಳು. ಅಳಲಿಲ್ಲ. ಹೊಂಡ ಯಾವುದು, ಅದಕ್ಕೆ ಬರುವ ನೀರು ಯಾವುದು, ಅವರು ಮಿಂದ ನೀರು ಯಾವುದು ಎಂದು ಹೇಳಿದಳು. ಆ ಗಿಣಿ ಯಾರ ದನಿಯಲ್ಲಿ ಓಗೊಡುತ್ತದೆ ಎಂದು ಹೇಳಿದಳು. ಕೂಗಿ ಕೂಗಿ ನಕ್ಕ ಮಗುವೊಂದು ತಾಯಿಯ ಸೀರೆಯಲ್ಲಿ ಮುಖ ಹುದುಗಿಸಿತು. ನಾಲ್ಕಾರು ಜನ ಟವೆಲಿನಿಂದ ಮೈ ತಿಕ್ಕಿ ತಿಕ್ಕಿ ಒರೆಸಿಕೊಂಡರು. ಸತ್ತವನ ಮಾತಿಗಿಂತ ನೀರಿನ ಮಾತು ಅವರನ್ನು ಬೇಗ ತಟ್ಟಿತು.

“ಪಾವಂ,” ಎಂದರು ಸತ್ಯನಾರಾಯಣ. “ಇನ್ಶೂರೆನ್ಸ್ ಏನಾದ್ರೂ ಇತ್ತೇನಮ್ಮಾ ಅವನ ಹೆಸರಲ್ಲಿ?” ಅವರು ಗಿರಿಧರನ ಕಡೆ ತಿರುಗಿ ದನಿ ತಗ್ಗಿಸಿದರು. “ಮನುಷ್ಯರನ್ನ ಇಳಿಸೋ ಹಾಗಿಲ್ಲ ಕಣ್ರಿ. ಲಾ ಇದೆ. ನಾವೆಲ್ಲ ಸಾಕ್ಷಿ ಆಗಿಬಿಡ್ತೀವಿ. ಬೇರೆ ಏನಾದ್ರೂ ಮಾಡಿ.”

ಶಾರದಮ್ಮ ಹಿಂದೆ ನಿಂತು ಛತ್ರಿ ಬಿಚ್ಚಿದರು. ಬಿಸಿಲಲ್ಲಿ ಕೂತವಳಿಗೆ ಅದನ್ನು ಕೊಡಬೇಕೆಂದು ಎರಡು ಹೆಜ್ಜೆ ಬಂದರು. ರಾಚಮ್ಮ ನೋಡಿದ ನೋಟಕ್ಕೆ ಅಲ್ಲೇ ನಿಂತರು.

ಗಿರಿಧರ್ ಫೋನು ತೆಗೆದ. ನಂಬರು ಹುಡುಕಬೇಕಾಗಲಿಲ್ಲ, ಅದು ಅವನ ಫೋನಿನಲ್ಲೇ ಇತ್ತು. ಎರಡು ಮಾತು ಆಡಿದ.

ಮೂವತ್ತೈದು ನಿಮಿಷಕ್ಕೆ ರೆಡ್‌ಹಿಲ್ಸ್‌ನಿಂದ ಹೊಂಡ ಹೀರುವ ಲಾರಿ ಬಂತು. ಬೆನ್ನ ಮೇಲೆ ಹಳದಿ ಟ್ಯಾಂಕು, ಪಕ್ಕದಲ್ಲಿ ಸುತ್ತಿಟ್ಟ ದಪ್ಪ ಪೈಪು. ಡ್ರೈವರ್ ರಾಮದಾಸ ಎಂಬ ವಯಸ್ಸಾದ ಮನುಷ್ಯ. ಮುಚ್ಚಳದ ಮೇಲೆ ಕೂತ ಹೆಂಗಸನ್ನು, ಬರಿಮೈಯಲ್ಲಿ ನಿಂತ ಶೀನನನ್ನು ನೋಡಿ, ಯಾರೂ ಇಳಿಯಬೇಕಾಗಿಲ್ಲಮ್ಮ, ಪೈಪೇ ಇಳಿಯುತ್ತದೆ, ಅರ್ಧ ಗಂಟೆಯಲ್ಲಿ ತಳ ಕಾಣಿಸುತ್ತೇನೆ ಎಂದು ತಮಿಳಿನಲ್ಲಿ ಹೇಳಿದ.

ರಾಚಮ್ಮ ಎದ್ದಳು. ಸೀರೆ ತೊಡೆಗೆ ಅಂಟಿಕೊಂಡಿತ್ತು. “ಈ ಲಾರಿ ಎಷ್ಟು ದಿನದಿಂದ ಅದ ಅಣ್ಣ ಅಲ್ಲಿ?” ಎಂದು ಅವನ ತಮಿಳಿಗೆ ತನ್ನ ಕನ್ನಡ ಸೇರಿಸಿ ಕೇಳಿದಳು.

“ಆರು ವರುಷಂ, ಅಕ್ಕಾ.” ರಾಮದಾಸ ಪೈಪು ಬಿಡಿಸುತ್ತಾ ಗಿರಿಧರನ ಕಡೆ ಗದ್ದ ತೋರಿಸಿದ. ಕರೆದರೆ ಯಾವಾಗಲೂ ಬರುತ್ತಿದ್ದೆವು, ಅತಿಥಿಗಳಿರುವಾಗ ನಾತ ಬರುತ್ತದೆ, ಹಗಲು ಬರಬೇಡಿ ಎಂದವರು ಸಾರ್ ತಾನೇ ಎಂದ. ಅದರಲ್ಲಿ ಗುಟ್ಟೇನೂ ಇಲ್ಲವೆಂಬಂತೆ ಹೇಳಿದ.

ಎಲ್ಲರೂ ಗಿರಿಧರನನ್ನು ನೋಡಿದರು. ಜಲಪಾತ ನಿಂತಿದ್ದರಿಂದ ಅವನಿಗೆ ಅಡಗಿಕೊಳ್ಳಲು ಯಾವ ಸದ್ದೂ ಇರಲಿಲ್ಲ. ರಾಚಮ್ಮ ಅವನ ಎದುರು ಹೋಗಿ ನಿಂತಳು.

“ಒಂದು ಫೋನ್ ಮಾಡಕ್ಕ ನಿನ್ಗ ಅವತ್ತು ಯಾನಾಗಿತ್ತು?”

ಅವನು ಕಾರಿನ ಕಡೆ ನಡೆದ. ಅವಳು ಕಾರಿನ ತನಕ ಹೋಗಿ ಗಾಜಿನ ಆಚೆಯಿಂದ ಮತ್ತೆ ಅದನ್ನೇ ಕೇಳಿದಳು.

ಸಂಜೆ ಬಸ್ಸು ಅವಳನ್ನು ಬಿಟ್ಟು ಹೊರಟಿತು. ಕಿಟಕಿಯ ಜನ ಈ ಕಡೆ ನೋಡಲಿಲ್ಲ. ರಾಚಮ್ಮ ಗೇಟಿನ ಮುಂದೆ ರಸ್ತೆಯ ಮೇಲೆ ಕೂತಿದ್ದಳು, ಪಕ್ಕದಲ್ಲಿ ಶೀನ. ಮರುದಿನ ಬೆಳಿಗ್ಗೆ ಎಗ್ಮೋರಿನ ಬಸ್ಸು ಬಂದಾಗಲೂ ಅಲ್ಲೇ ಇದ್ದಳು. ಎದ್ದು ಬಸ್ಸಿಗೆ ಅಡ್ಡ ನಿಂತು, ಹೊಸ ಜನ ಕಿಟಕಿಯಿಂದ ಬಗ್ಗಿ ನೋಡುತ್ತಿದ್ದಂತೆ, ಒಬ್ಬೊಬ್ಬರ ಮುಖ ನೋಡಿ ನಿಂಗಯ್ಯ ಹೇಗೆ ಸತ್ತ ಎಂದು ಮೊದಲಿನಿಂದ ಹೇಳತೊಡಗಿದಳು.